ಏಳು ಮಾತುಗಳ ಬೆನ್ನು ಹತ್ತಿದವಳು

ಆಕೆ ನನ್ನ ಬದುಕಿನೊಳಗೆ ಬಂದದ್ದು ಬೆನ್ನ ಹಿಂದಿನಿಂದ. ಹೈದರಾಬಾದಿನ ನಾರಾಯಣಗೂಡದಲ್ಲಿ ಬಸ್ಸಿನಿಂದ ಇಳಿದು, ಕೋಚಿಂಗ್ ಸೆಂಟರುಗಳ ಫಲಕಗಳ ಕೆಳಗೆ ಹಾದು ನಮ್ಮ ಓಣಿಗೆ ತಿರುಗಿದಾಗ, ಹತ್ತು ಹೆಜ್ಜೆ ಹಿಂದೆ ಒಂದು ಜೊತೆ ರಬ್ಬರ್ ಚಪ್ಪಲಿಯ ಸದ್ದು ಕೇಳಿಸಿತು. ನಾನು ನಿಂತರೆ ಅದೂ ನಿಲ್ಲುತ್ತಿತ್ತು. ಔಷಧಿ ಅಂಗಡಿಯೊಳಗೆ ಹೋಗಿ, ಅಗತ್ಯವಿಲ್ಲದ ಒಂದು ಮುಲಾಮನ್ನು ಕೊಂಡು ಹೊರಬಂದೆ. ಎದುರಿನ ವಿದ್ಯುತ್ ಕಂಬದ ಪಕ್ಕದಲ್ಲಿ, ಊಟದ ಡಬ್ಬಿಯ ಚೀಲವನ್ನು ಎದೆಗೊತ್ತಿಕೊಂಡು, ನಲವತ್ತರ ಒಳಗಿನ ಒಬ್ಬ ಹೆಂಗಸು ನಿಂತಿದ್ದಳು. ಅಡಗಿಕೊಳ್ಳುವ ಪ್ರಯತ್ನವನ್ನೇನೂ ಮಾಡಿರಲಿಲ್ಲ.

ನಾನು ತೆಲುಗಿನಲ್ಲಿ, ಸ್ವಲ್ಪ ಗಡುಸಾಗಿಯೇ, ಯಾರು ಬೇಕಾಗಿತ್ತು ಎಂದು ಕೇಳಿದೆ. ಉತ್ತರ ಕನ್ನಡದಲ್ಲಿ ಬಂತು.

"ನೀವ ಬೇಕಾಗಿತ್ರಿ. ಬಸ್ಸಿನ್ಯಾಗ ನಿಮ್ಮ ಹಿಂದಿನ ಸೀಟಿನ್ಯಾಗ ಕುಂತಿದ್ದೆ. ಫೋನಿನ್ಯಾಗ ಯಾರಿಗೋ ಇಂಗ್ಲಿಷ್ ತಪ್ಪ ಹೇಳಿ ಬೈದ್ರಿ. ಭಾಳ ಚೊಲೋ ಬೈದ್ರಿ. ಅದಕ ಇಳದ ಬಂದೀನಿ."

ನಾನು ಬೈದಿದ್ದು ತಂಗಿಯ ಮಗಳನ್ನು. ಆ ಹುಡುಗಿ ಒಂದು ಪ್ರಬಂಧದಲ್ಲಿ ಮೂರು ಪ್ಯಾರಾಗಳಿಗೆ ಒಂದೂ ಪೂರ್ಣವಿರಾಮ ಹಾಕಿರಲಿಲ್ಲ. ಇಪ್ಪತ್ತಾರು ವರ್ಷ ಈ ನಗರದ ಶಾಲೆಯೊಂದರಲ್ಲಿ ಇಂಗ್ಲಿಷ್ ಕಲಿಸಿದ ಮೇಲೆ, ಗಂಟಲು ಕೈಕೊಟ್ಟು ಸ್ವಯಂ ನಿವೃತ್ತಿ ಪಡೆದಿದ್ದೇನಾದರೂ, ತಪ್ಪು ವಾಕ್ಯ ಕಿವಿಗೆ ಬಿದ್ದರೆ ಆ ಗಂಟಲು ಹೇಗೋ ತೆರೆದುಕೊಳ್ಳುತ್ತದೆ. ನನ್ನ ಬೈಗುಳವನ್ನು ಕೇಳಿ ಎದ್ದು ಹೋದವರನ್ನು ಕಂಡಿದ್ದೆ. ಅದನ್ನು ಮೆಚ್ಚಿ, ತನ್ನ ನಿಲ್ದಾಣವನ್ನು ಬಿಟ್ಟು ನನ್ನ ನಿಲ್ದಾಣದಲ್ಲಿ ಇಳಿದವಳು ಈಕೆಯೊಬ್ಬಳೇ.

ಮನೆಗೆ ಕರೆದು ನೀರು ಕೊಟ್ಟೆ. ಸೋಫಾದ ಮೇಲೆ ಕೂರಲು ಒಪ್ಪದೆ, ಊಟದ ಮೇಜಿನ ಕುರ್ಚಿಯನ್ನು ಎಳೆದುಕೊಂಡಳು. ಬರೆಯಲು ಅದೇ ಅನುಕೂಲ ಎಂದಳು. ಆಗಲೇ ಚೀಲದಿಂದ ನೋಟ್‌ಬುಕ್ ಹೊರಬಂದಿತ್ತು.

ಆಕೆಯ ಊರು ಯಾದಗಿರಿಯ ಕಡೆಯದು. ಏಳನೆಯ ತರಗತಿಯವರೆಗೆ ಕನ್ನಡ ಶಾಲೆ. ಗಂಡನೊಡನೆ ಕಟ್ಟಡದ ಕೆಲಸಕ್ಕೆಂದು ಹೈದರಾಬಾದಿಗೆ ಬಂದವಳು ಹನ್ನೊಂದು ವರ್ಷಗಳಿಂದ ನಾಚಾರಂನ ಒಂದು ಸಣ್ಣ ಕಾರ್ಖಾನೆಯಲ್ಲಿದ್ದಳು. ಅಲ್ಲಿ ಬಾಗಿಲಿನ ಚಿಲಕ, ಬಿಜಾಗರಿಗಳನ್ನು ಮಾಡುತ್ತಾರೆ. ತಗಡು ಕತ್ತರಿಸುವುದು, ತೂತು ಕೊರೆಯುವುದು ಒಳಗೆ. ಪಾಲಿಶ್ ಮಾಡಿಸುವುದು, ನಿಕ್ಕೆಲ್ ಲೇಪ ಹಾಕಿಸುವುದು ಅದೇ ಕೈಗಾರಿಕಾ ಎಸ್ಟೇಟಿನ ಬೇರೆ ಬೇರೆ ಶೆಡ್ಡುಗಳಲ್ಲಿ. ಹೊರಗೆ ಹೋದ ಕ್ರೇಟುಗಳು ತಾವಾಗಿ ಮರಳುವುದಿಲ್ಲ. ಯಾರಾದರೂ ಶೆಡ್ಡಿನಿಂದ ಶೆಡ್ಡಿಗೆ ತಿರುಗಿ, ಕೇಳಿ, ಕಾದು, ಹೊರಡಿಸಿಕೊಂಡು ಬರಬೇಕು. ಪ್ಯಾಕಿಂಗ್ ಮೇಜಿನಲ್ಲಿ ಸೇರಿಕೊಂಡ ಆಕೆ ಯಾರೂ ಹೇಳದೆಯೇ ಈ ತಿರುಗಾಟವನ್ನು ವಹಿಸಿಕೊಂಡಿದ್ದಳು. ಎಂಟು ವರ್ಷಗಳಿಂದ ಅದು ಆಕೆಯ ಕೆಲಸ.

ಈಗ ಹೊಸ ಮ್ಯಾನೇಜರ್ ಬಂದಿದ್ದರು. ದೊಡ್ಡ ಕಂಪನಿಯಲ್ಲಿ ಇದ್ದು ಬಂದವರು. ಮಾತು ತೆಲುಗು, ಅಪ್ಪಣೆ ಇಂಗ್ಲಿಷ್. ತಿರುಗಾಟ ಮಾಡುವವರು ಪ್ರತಿದಿನ ಸಂಜೆ ಇಂಗ್ಲಿಷಿನಲ್ಲಿ ಅರ್ಧ ಪುಟದ ವರದಿ ಬರೆದುಕೊಡಬೇಕು, ಇಲ್ಲವಾದರೆ ಆಫೀಸಿನ ಗುಮಾಸ್ತರೇ ಕುಳಿತಲ್ಲಿಂದ ಫೋನಿನಲ್ಲಿ ಅದನ್ನು ನೋಡಿಕೊಳ್ಳಲಿ, ಆಕೆ ಪ್ಯಾಕಿಂಗ್ ಮೇಜಿಗೆ ಮರಳಲಿ ಎಂದಿದ್ದರು. ಒಂದೂವರೆ ತಿಂಗಳ ಸಮಯ ಕೊಟ್ಟಿದ್ದರು. ಕೊನೆಯಲ್ಲಿ ಒಂದು ವಾರದ ವರದಿಗಳನ್ನು ನೋಡಿ ಶನಿವಾರ ತೀರ್ಮಾನ.

"ಪ್ಯಾಕಿಂಗ್ ಏನ್ ಕೆಟ್ಟ ಕೆಲಸ ಅಲ್ಲಲಾ?" ಎಂದೆ. "ನೆರಳೈತಿ, ಫ್ಯಾನ್ ಐತಿ."

"ಫ್ಯಾನ್ ಐತ್ರಿ. ಆದ್ರ ಅಲ್ಲಿ ನಾ ಎರಡ ಕೈ ಅಷ್ಟ. ಹೊರಗ ನಾ ಇಡೀ ಮನಿಷಾ," ಎಂದಳು. ಅದನ್ನು ಹೇಳಿ ನೋಟ್‌ಬುಕ್ ತೆರೆದಳು, ಮಾತು ಮುಗಿಯಿತು ಎಂಬಂತೆ.

ನೋಟ್‌ಬುಕ್ಕಿನ ಮೊದಲ ಪುಟದಲ್ಲಿ ಕನ್ನಡ ಲಿಪಿಯಲ್ಲಿ ಏಳು ಇಂಗ್ಲಿಷ್ ಮಾತುಗಳಿದ್ದವು. ಫಾಲೋ. ಚೇಸ್. ಪರ್ಸ್ಯೂ. ಟ್ರ್ಯಾಕ್. ಟ್ರೇಲ್. ಹಂಟ್. ಹೌಂಡ್. ಎಲ್ಲವೂ ಮ್ಯಾನೇಜರರ ಬಾಯಿಂದ ಬಿದ್ದವು. ಬಿದ್ದ ಹಾಗೆಯೇ ಆರಿಸಿ ಬರೆದುಕೊಂಡಿದ್ದಳು. ಗುಮಾಸ್ತರನ್ನು ಕೇಳಿದರೆ ಏಳಕ್ಕೂ ಅರ್ಥ ಒಂದೇ, ಬೆನ್ನು ಹತ್ತುವುದು ಎಂದಿದ್ದರಂತೆ.

"ಅರ್ಥ ಒಂದ ಆದ್ರ ಮಾತು ಏಳ ಯಾಕ ಇಟ್ಕೊಂಡಾರ್ರಿ ಅವ್ರು?"

ಈ ಪ್ರಶ್ನೆಗಾಗಿ ನಾನು ಇಪ್ಪತ್ತಾರು ವರ್ಷ ಕಾದಿದ್ದೆ ಎಂದರೆ ಅತಿಶಯೋಕ್ತಿಯಲ್ಲ. ಸಮಾನಾರ್ಥಕ ಪದಗಳ ಪಟ್ಟಿಯನ್ನು ಸಾವಿರಾರು ಮಕ್ಕಳಿಂದ ಬಾಯಿಪಾಠ ಮಾಡಿಸಿದ್ದೇನೆ. ಅಷ್ಟು ಮಾತುಗಳು ಯಾಕೆ ಬೇಕು ಎಂದು ಒಂದು ಮಗುವೂ ಕೇಳಿರಲಿಲ್ಲ. ನಾಚಿಕೆಯಿಂದ ಒಪ್ಪಿಕೊಳ್ಳುತ್ತೇನೆ, ಕೇಳುವಂತೆ ನಾನೂ ಕಲಿಸಿರಲಿಲ್ಲ. ಮುಂದಿನ ಭಾನುವಾರ ಬೆಳಗ್ಗೆ ಹತ್ತಕ್ಕೆ ಬರಲು ಹೇಳಿದೆ. ಒಂಬತ್ತೂ ಮುಕ್ಕಾಲಿಗೆ ಬಂದಳು.

ನನ್ನ ಕ್ರಮ ಹಳೆಯದು, ನನಗೆ ಅದರ ಬಗ್ಗೆ ಹೆಮ್ಮೆಯಿದೆ. ಅಡ್ಡ ಗೆರೆ, ಉದ್ದ ಗೆರೆ ಎಳೆದು ಪಟ್ಟಿ ಮಾಡಿದೆ: ಮಾತು, ಅರ್ಥ, ಉದಾಹರಣೆ. ಫಾಲೋ ಎಂದರೆ ಹಿಂಬಾಲಿಸು, ಚೇಸ್ ಎಂದರೆ ಅಟ್ಟಿಸಿಕೊಂಡು ಹೋಗು. ಆಕೆ ಅರ್ಥದ ಸಾಲನ್ನು ಶ್ರದ್ಧೆಯಿಂದ ತುಂಬಿದಳು. ಉದಾಹರಣೆಯ ಸಾಲಿಗೆ ಬಂದಾಗ ಪೆನ್ನು ನಿಂತಿತು. ಪೊಲೀಸರು ಕಳ್ಳನನ್ನು ಅಟ್ಟಿಸಿಕೊಂಡು ಹೋದರು ಎಂದು ನಾನು ಹೇಳಿಬರೆಸಲು ಹೊರಟೆ.

"ನಾ ಕಳ್ಳನ್ನ ನೋಡಿಲ್ರಿ ಅಕ್ಕೋರ. ನಾ ಓಡಿದ್ದ ಬರೀಲೇನು?"

ನಮ್ಮ ಕಡೆ ಶಾಲೆಯ ಶಿಕ್ಷಕಿಯನ್ನು ಅಕ್ಕೋರು ಎನ್ನುತ್ತಾರೆ. ಬೀದರಿನ ಶಾಲೆ ಬಿಟ್ಟು ಇಲ್ಲಿಗೆ ಬಂದ ಮೇಲೆ ನನ್ನನ್ನು ಹಾಗೆ ಕರೆದವರಿಲ್ಲ. ಆ ಮಾತಿಗೋ ಏನೋ, ಬರಿ ಎಂದೆ.

ಆಕೆ ಓಡಿದ್ದು ಒಂದು ಟೆಂಪೋದ ಹಿಂದೆ. ಹಿಂಬಾಗಿಲ ಕೊಂಡಿ ಹಾಕದೆಯೇ ಚಾಲಕ ಹೊರಟುಬಿಟ್ಟಿದ್ದ. ಒಂದೊಂದೇ ಬಿಜಾಗರಿ ರಸ್ತೆಗೆ ಉದುರುತ್ತಿತ್ತು. ಆಕೆ ಕೂಗುತ್ತಾ ಓಡಿದಳು. ಅವನು ಯಾರೋ ಜಗಳಕ್ಕೆ ಬರುತ್ತಿದ್ದಾರೆಂದು ತಿಳಿದು ಇನ್ನೂ ವೇಗ ಹೆಚ್ಚಿಸಿದ. "ಅವನೂ ಓಡಿದ, ನಾನೂ ಓಡಿದೆ. ಇಬ್ಬರೂ ಓಡಿದ್ರ ಚೇಸ್. ಹೌದಿಲ್ರಿ?" ಎನ್ನುತ್ತಾ ಬರೆದಳು. ಫಾಲೋ ಎಂಬಲ್ಲಿ ನನ್ನನ್ನೇ ಹಾಕಿದಳು: ಅಕ್ಕೋರು ನಡೆದರು, ನಾನು ನಡೆದೆ, ಅಕ್ಕೋರಿಗೆ ಸಿಟ್ಟು ಬಂದರೂ ಓಡಲಿಲ್ಲ.

ಟ್ರ್ಯಾಕ್ ಎಂಬುದಕ್ಕೆ ಆಕೆ ಕೊಟ್ಟ ಉದಾಹರಣೆಯನ್ನು ನಾನು ಇಂದಿಗೂ ಯಾವ ನಿಘಂಟಿನ ಉದಾಹರಣೆಗಿಂತಲೂ ಮೇಲೆ ಇಡುತ್ತೇನೆ. ನಿಕ್ಕೆಲ್ ಲೇಪದ ತೊಟ್ಟಿಯ ನೀರು ಹಸಿರು. ಒಮ್ಮೆ ಆಕೆಯ ಕ್ರೇಟನ್ನು ಯಾರೋ ತಪ್ಪಿ ಬೇರೆ ಶೆಡ್ಡಿಗೆ ಒಯ್ದಿದ್ದರು. ನೆಲದ ಮೇಲೆ ಹಸಿರು ಹನಿಗಳ ಸಾಲು. ಹನಿಗಳನ್ನು ನೋಡುತ್ತಾ ನೋಡುತ್ತಾ, ಎರಡು ತಿರುವು ದಾಟಿ, ಅವು ಎಲ್ಲಿ ನಿಂತವೋ ಅಲ್ಲಿಯ ಬಾಗಿಲು ತಟ್ಟಿದ್ದಳು. ಮುಂದೆ ಹೋದವನು ಕಣ್ಣಿಗೆ ಕಾಣುವುದಿಲ್ಲ, ಅವನ ಗುರುತು ಮಾತ್ರ ಕಾಣುತ್ತದೆ. ಜಾಡು ಹಿಡಿಯುವುದು ಎಂದು ನಾನು ಅರ್ಥದ ಸಾಲಿನಲ್ಲಿ ಬರೆಸಿದ್ದೆ. ಅದಕ್ಕೆ ಬಣ್ಣ ಬಂದದ್ದು ಆಗ. ಟ್ರೇಲ್ ಎಂದರೆ ಆ ಹನಿಗಳ ಸಾಲೇ, ಹಿಂದೆ ಎಳೆದುಕೊಂಡು ಬರುವಂಥದ್ದು ಎಂದು ನಾನು ವಿವರಿಸುವ ಮೊದಲೇ ಆಕೆ ತಲೆಯಾಡಿಸಿದ್ದಳು.

ಪರ್ಸ್ಯೂ ಮಾತ್ರ ಎರಡು ಭಾನುವಾರ ತೆಗೆದುಕೊಂಡಿತು. ಅದರಲ್ಲಿ ಓಟವಿರಬಹುದು, ಇಲ್ಲದೆಯೂ ಇರಬಹುದು. ವಿದ್ಯೆಯನ್ನೂ ಪರ್ಸ್ಯೂ ಮಾಡಬಹುದು, ಆದರೆ ವಿದ್ಯೆ ಓಡುವುದಿಲ್ಲ. ಮುಖ್ಯವಾದದ್ದು ಬಿಡದೆ ಹೋಗುವುದು, ಬಹುಕಾಲ ಹೋಗುವುದು ಎಂದೆ.

"ಹಂಗಂದ್ರ ನೀವು ಆ ಪೂರ್ಣವಿರಾಮದ ಬೆನ್ನ ಹತ್ತೀರಲ್ರಿ, ಅದು."

"ಅದ ಅಂತ ಇಟ್ಕೋ," ಎಂದೆ.

ಹೌಂಡ್ ಎಂಬ ಮಾತನ್ನು ಮಾತ್ರ ಬರೆಯಲೇ ಇಲ್ಲ. ಬೇಟೆನಾಯಿಯ ಹೆಸರಿನಿಂದ ಬಂದದ್ದು, ಉಸಿರು ಬಿಡಗೊಡದೆ ಪೀಡಿಸುವುದು ಎಂದು ತಿಳಿದ ಕೂಡಲೇ ಪೆನ್ನು ಕೆಳಗಿಟ್ಟಳು. "ಮ್ಯಾನೇಜರ್ ಸಾಹೇಬ್ರು ನಿಕ್ಕೆಲ್ ಹಾಕೂ ಪ್ಲೇಟಿಂಗ್ ಶೆಡ್ಡಿನ ಚಾಚಾನ ಹೌಂಡ್ ಮಾಡು ಅಂದಿದ್ರು. ಆತಗ ಶುಗರ್ ಐತ್ರಿ, ಕಾಲ ಬಾತಾವ. ಈ ಮಾತು ನಂಗ ಬ್ಯಾಡ."

ಕ್ರಮೇಣ ನನ್ನ ಪಟ್ಟಿಯ ಸಾಲುಗಳನ್ನು ಆಕೆ ಬದಲಿಸಿದಳು. ಪ್ರತಿ ಮಾತಿಗೂ ಕೇಳುತ್ತಿದ್ದದ್ದು ಒಂದೇ ಬಗೆಯ ಪ್ರಶ್ನೆಗಳು: ಮುಂದಿನವನಿಗೆ ಹಿಂದೆ ಬರುತ್ತಿರುವುದು ಗೊತ್ತೋ? ಅವನು ಓಡುತ್ತಿದ್ದಾನೋ? ಸಿಕ್ಕರೆ ನಾನು ಅವನಿಗೆ ಏನು ಮಾಡುತ್ತೇನೆ? ಬೇಟೆಯಾಡು ಎಂಬ ಅರ್ಥದ ಹಂಟ್‌ಗೆ ಮೂರನೆಯ ಪ್ರಶ್ನೆ ಕೇಳಿ ತಾನೇ ನಕ್ಕಳು. ವಿಭಾಗಿಸುವ ಈ ಬಗೆ ಯಾವ ಪಠ್ಯಪುಸ್ತಕದಲ್ಲೂ ಇಲ್ಲ. ನಾನು ಅದನ್ನು ನನ್ನ ಹಳೆಯ ಟಿಪ್ಪಣಿ ಪುಸ್ತಕದಲ್ಲಿ, ದಿನಾಂಕ ಹಾಕಿ, ನಕಲು ಮಾಡಿಕೊಂಡಿದ್ದೇನೆ.

ಒಂದು ಶನಿವಾರ ಆಕೆಯ ತಿರುಗಾಟವನ್ನು ನೋಡಲೆಂದು ನಾಚಾರಂಗೆ ಹೋದೆ. ವರದಿ ಬರೆಯಿಸುವವಳಿಗೆ ವಿಷಯ ಗೊತ್ತಿರಬೇಕೆಂಬುದು ನನ್ನ ನಿಯಮ. ಪಾಲಿಶ್ ಶೆಡ್ಡಿನ ಬಾಗಿಲಲ್ಲಿ ಕಪ್ಪು ಧೂಳು, ಅದರಾಚೆ ಹುಳಿ ವಾಸನೆಯ ಪ್ಲೇಟಿಂಗ್ ಶೆಡ್ಡು. ಹತ್ತಾರು ಕಾರ್ಖಾನೆಗಳ ಕ್ರೇಟುಗಳು ಗೋಡೆಯುದ್ದಕ್ಕೂ ಒಂದರ ಮೇಲೊಂದು. ಎಲ್ಲವೂ ಒಂದೇ ನೀಲಿ ಬಣ್ಣ, ಒಂದೇ ಅಳತೆ. ಆಕೆಯ ಕ್ರೇಟುಗಳನ್ನು ಮಾತ್ರ ಬಾಗಿಲಿನಿಂದಲೇ ಗುರುತಿಸಬಹುದಿತ್ತು: ಹಿಡಿಕೆಗೆ ಹಳೆಯ ಸೀರೆಯ ಚಿಂದಿ ಕಟ್ಟಿತ್ತು. ಕಳಿಸಿದ ದಿನಕ್ಕೊಂದು ಬಣ್ಣ. ಸೋಮವಾರದ್ದು ಹಸಿರು, ಮಂಗಳವಾರದ್ದು ಕೆಂಪು, ಹೀಗೆ ಶನಿವಾರದ ಬಿಳಿಯವರೆಗೆ. ಆಮ್ಲದ ಹಬೆಗೆ ಕಾಗದದ ಚೀಟಿ ಉಳಿಯುವುದಿಲ್ಲ, ಬಟ್ಟೆ ಉಳಿಯುತ್ತದೆ. ಓದು ಬಾರದ ಕೆಲಸಗಾರನಿಗೂ ಯಾವುದು ಮೊದಲು ಬಂದದ್ದು, ಯಾವುದನ್ನು ಮೊದಲು ತೊಟ್ಟಿಗೆ ಇಳಿಸಬೇಕು ಎಂದು ತಿಳಿಯುತ್ತದೆ. ಆ ಶೆಡ್ಡಿನಲ್ಲಿ ಎಲ್ಲರೂ ಆಕೆಯ ಬಣ್ಣಗಳನ್ನು ಕ್ಯಾಲೆಂಡರಿನಂತೆ ಓದುತ್ತಿದ್ದರು.

ಶೆಡ್ಡಿನ ಯಜಮಾನರು, ಆಕೆ ಚಾಚಾ ಎನ್ನುತ್ತಿದ್ದ ಮುದುಕರು, ಸ್ಟೂಲಿನ ಮೇಲೆ ಕಾಲು ಚಾಚಿ ಕುಳಿತಿದ್ದರು. ನಮ್ಮನ್ನು ಕಂಡು ದಖನಿಯಲ್ಲಿ, "ಆಗಯೇ ದೇಖೋ ಇನ್ಸ್‌ಪೆಕ್ಟರ್ ಅಮ್ಮಾ. ಆಜ್ ತೋ ಗವಾಹ್ ಭೀ ಲಾಯೇ," ಎಂದರು. ಇವತ್ತು ಸಾಕ್ಷಿಯನ್ನೂ ಕರೆತಂದಿದ್ದಾರೆ ಎಂದು ನನ್ನ ಕಡೆ ಕಣ್ಣು ಹಾಯಿಸಿದರು.

"ಗವಾಹ್ ನೈ ಚಾಚಾ. ಮೇರೇ ಟೀಚರ್."

"ಟೀಚರ್? ತೋ ಮೈ ಖಡೇ ರೈತೂಂ," ಎಂದು ಆ ಬಾತ ಕಾಲುಗಳ ಮೇಲೆ ನಿಜವಾಗಿಯೂ ಎದ್ದು ನಿಂತರು. ಕೂತುಕೊಳ್ಳಿ ಎಂದು ನಾನು ಎರಡು ಸಲ ಹೇಳಬೇಕಾಯಿತು.

ಆಕೆ ಕೆಲಸ ಆಗಿದೆಯೇ ಎಂದು ಕೇಳಲಿಲ್ಲ, ಯಾವಾಗ ಎಂದೂ ಕೇಳಲಿಲ್ಲ. ಬಾಗಿಲಲ್ಲಿ ನಿಂತು ಬಣ್ಣಗಳನ್ನು ಎಣಿಸಿದಳು. ಒಂದು ಖಾಲಿ ಕ್ರೇಟನ್ನು ಮಗುಚಿ ಹಾಕಿ ಅದರ ಮೇಲೆ ಕುಳಿತಳು. ಅವರ ಔಷಧಿಯ ಸಮಾಚಾರ ಕೇಳಿದಳು, ಮೊಮ್ಮಗಳ ಮದುವೆಯ ಮಾತಾಯಿತು. ಅರ್ಧ ಗಂಟೆಯಲ್ಲಿ ಕೆಲಸಗಾರನೊಬ್ಬ ತಾನಾಗಿ ಬಂದು ಕೆಂಪು ಚಿಂದಿಯ ಕ್ರೇಟನ್ನು ತೊಟ್ಟಿಯ ಕಡೆಗೆ ಎಳೆದ. ಮೂವತ್ತೈದು ಮಕ್ಕಳ ತರಗತಿಯನ್ನು ಧ್ವನಿಯೇರಿಸದೆ ನಡೆಸಬಲ್ಲ ಶಿಕ್ಷಕಿಯರನ್ನು ಕಂಡಿದ್ದೇನೆ, ಅವರಲ್ಲಿ ನಾನಿರಲಿಲ್ಲ. ಆ ಬಾಗಿಲಲ್ಲಿ ನಾನು ಕಂಡದ್ದು ಅದೇ ವಿದ್ಯೆ.

ಪರೀಕ್ಷೆಯ ವಾರ ಬಂತು. ಆ ಸೋಮವಾರ ವಿದ್ಯುತ್ ಲೈನಿನ ದುರಸ್ತಿಗಾಗಿ ಇಡೀ ಬೀದಿಗೆ ಕರೆಂಟ್ ಇರುವುದಿಲ್ಲವೆಂದು, ಬದಲಿಗೆ ಹಿಂದಿನ ಭಾನುವಾರ ಕಾರ್ಖಾನೆ ನಡೆಸಿದರು. ಆದ್ದರಿಂದ ವರದಿಗಳು ಮಂಗಳವಾರದಿಂದ. ಪ್ರತಿ ಸಂಜೆ ಆಕೆ ಬಸ್ಸಿನಲ್ಲಿ ಬಂದು, ನನ್ನ ಮೇಜಿನ ಮೇಲೆ ಬರೆದು, ನಾನು ತಿದ್ದಿದ್ದನ್ನು ನಕಲು ಮಾಡಿಕೊಂಡು ಹೋಗುತ್ತಿದ್ದಳು. ಮರುದಿನ ಬೆಳಗ್ಗೆ ಅದು ಮ್ಯಾನೇಜರರ ಮೇಜಿಗೆ.

ಮಂಗಳವಾರದ್ದು ನಿರ್ವಿಘ್ನ. ಬುಧವಾರ ಆಕೆಯ ಮುಖ ಕುಗ್ಗಿತ್ತು. ವಾರದ ಮೊದಲ ದಿನ ಪ್ಲೇಟಿಂಗಿಗೆ ಕಳಿಸಿದ ದೊಡ್ಡ ಬಿಜಾಗರಿಗಳ ಕ್ರೇಟು ಬರಬೇಕಾಗಿತ್ತು, ಬಂದಿಲ್ಲ. ಶೆಡ್ಡಿನಲ್ಲಿ ಕಾಣುತ್ತಲೂ ಇಲ್ಲ. ಗ್ರಾಹಕರ ಲಾರಿ ಶನಿವಾರ ಬರುವುದಿತ್ತು. "ಚಾಚಾನ್ನ ಎರಡ ಸಲ ಕೇಳಿದೆ, ಇಲ್ಲೇ ಇರಬೇಕು ಅಂದ್ರು," ಎಂದು ಇಂಗ್ಲಿಷಿನಲ್ಲಿ ಸಾದಾ ವಾಕ್ಯ ಬರೆದಿದ್ದಳು. ನಾನು ಅದನ್ನು ತಿದ್ದಿದೆ. ಕೇಳಿದೆ ಎಂಬುದು ಪೇಲವವಾಗಿತ್ತು. ಎರಡು ಬಾರಿ ಚೇಸ್ ಮಾಡಿದೆ ಎಂದು ಹಾಕಿದೆ. ಮ್ಯಾನೇಜರರದೇ ಮಾತು ಅವರಿಗೆ ಹಿತವೆನಿಸುತ್ತದೆ ಎಂಬುದು ನನ್ನ ಲೆಕ್ಕ. ಗುರುವಾರವೂ ಸಿಗಲಿಲ್ಲ. ವಿಷಯವನ್ನು ಬಿಡದೆ ಪರ್ಸ್ಯೂ ಮಾಡುತ್ತಿದ್ದೇನೆ ಎಂದು ಬರೆಸಿದೆ. ವಾಕ್ಯ ಚೆನ್ನಾಗಿತ್ತು. ಆಕೆ ಎರಡು ಬಾರಿ ಓದಿ, ನಕಲು ಮಾಡಿಕೊಂಡು ಹೋದಳು.

ಶುಕ್ರವಾರ ಸಂಜೆ ಬಂದಾಗ ಕೈಯಲ್ಲಿ ನೋಟ್‌ಬುಕ್ ಇತ್ತು, ತೆರೆಯಲಿಲ್ಲ.

"ಕ್ರೇಟ್ ಸಿಕ್ತು ಅಕ್ಕೋರ."

"ಎಲ್ಲಿ?"

"ಅಲ್ಲೇ. ಚಾಚಾನ ಶೆಡ್ಡಿನ್ಯಾಗ. ಗ್ವಾಡಿ ಕಡೆ, ಎಲ್ಲಾದಕ್ಕಿಂತ ಹಿಂದ. ಮೂರ ದಿನದಾಗ ನಾಲ್ಕ ಸಲ ಅದರ ಮುಂದ ಹಾದ ಹೋಗೀನಿ."

ನಡೆದದ್ದು ಇಷ್ಟು. ಆ ಕ್ರೇಟನ್ನು ಕಳಿಸಿದ್ದು ಭಾನುವಾರ. ಆಕೆಯ ಬಣ್ಣಗಳಲ್ಲಿ ಭಾನುವಾರವೇ ಇರಲಿಲ್ಲ, ಎಂಟು ವರ್ಷಗಳಲ್ಲಿ ಬೇಕಾಗಿರಲಿಲ್ಲ. ಅವಸರದಲ್ಲಿ ಕೈಯಲ್ಲಿ ಉಳಿದಿದ್ದ ಶನಿವಾರದ ಬಿಳಿ ಚಿಂದಿಯನ್ನು ಕಟ್ಟಿ ಕಳಿಸಿದ್ದಳು. ಚಾಚಾ ಆಕೆಯದೇ ನಿಯಮವನ್ನು ಪಾಲಿಸಿದ್ದರು: ಬಿಳಿಯೆಂದರೆ ವಾರದ ಕೊನೆಯದು, ಎಲ್ಲಕ್ಕಿಂತ ತಡವಾಗಿ ಇಳಿಸಬೇಕಾದದ್ದು, ಹಿಂದಕ್ಕೆ ತಳ್ಳಿಸಿದ್ದರು. ಇತ್ತ ಆಕೆಯ ಮನಸ್ಸಿನಲ್ಲಿ ವಾರದ ಮೊದಲ ಕ್ರೇಟು ಎಂದರೆ ಹಸಿರು. ಮೂರು ದಿನ ಹಸಿರನ್ನೇ ಹುಡುಕಿದ್ದಳು. ಬಿಳಿಯ ಮೇಲೆ ಕಣ್ಣು ನಿಂತಿರಲಿಲ್ಲ.

"ಆತು, ಸಿಕ್ಕಿತಲ್ಲ," ಎಂದೆ. "ನಾಳೆ ಬೆಳಗ್ಗೆ ತೊಟ್ಟಿಗೆ ಇಳಿಸಿದ್ರ ಲಾರಿಗೆ ಆಗ್ತದ."

"ಇವತ್ತ ಇಳಿಸ್ಯಾರ. ಚಾಚಾ ಊಟಾ ಬಿಟ್ಟು ನಿಂತು ಇಳಿಸಿದ್ರು." ನೋಟ್‌ಬುಕ್ಕನ್ನು ಮೇಜಿನ ಮೇಲಿಟ್ಟಳು. "ಆದ್ರ ಮ್ಯಾನೇಜರ್ ಸಾಹೇಬ್ರು ಮುಂಜಾನೆ ಏನಂದ್ರು ಗೊತ್ತೇನ್ರಿ? ಎರಡ ಸಲ ಚೇಸ್ ಮಾಡಿದ್ರೂ ಕೊಡ್ಲಿಲ್ಲ ಅಂದ್ರ ಆ ಮುದುಕ ತಪ್ಪಿಸ್ಕೊಂಡ ತಿರಗಾಕತ್ತಾನ, ಮುಂದಿನ ತಿಂಗಳಿಂದ ಬ್ಯಾರೆ ಶೆಡ್ಡಿಗೆ ಕೊಡೂಣು ಅಂದ್ರು."

ನಾನು ನೋಟ್‌ಬುಕ್ ತೆಗೆದುಕೊಂಡೆ. ಇಂಥ ಸಂದರ್ಭಕ್ಕೆ ಒಂದು ವಾಕ್ಯ ಕ್ಷಣದಲ್ಲಿ ಸಿದ್ಧವಾಯಿತು: ನಿರಂತರ ಪ್ರಯತ್ನದಿಂದ ಬೆನ್ನಟ್ಟಿದ ಬಳಿಕ ಕ್ರೇಟು ಪತ್ತೆಯಾಯಿತು, ವಿಳಂಬಕ್ಕೆ ಗುರುತಿನ ಗೊಂದಲ ಕಾರಣ. ಬರೆದು ಆಕೆಯ ಮುಂದೆ ಸರಿಸಿದೆ. ಅದರಲ್ಲಿ ಒಂದೂ ಸುಳ್ಳಿಲ್ಲ ಎಂದು ವಾದಿಸಿದೆ. ನಾಳೆ ತೀರ್ಮಾನದ ದಿನ, ನಿನ್ನ ಕೈಯಿಂದಲೇ ನಿನ್ನ ತಪ್ಪು ಬರೆದುಕೊಟ್ಟರೆ ಸೋಮವಾರ ಪ್ಯಾಕಿಂಗ್ ಮೇಜಿನಲ್ಲಿ ಕೂರುತ್ತೀ ಎಂದೂ ಹೇಳಿದೆ.

ಆಕೆ ಬೆರಳಿಟ್ಟು ನಿಧಾನವಾಗಿ ಓದಿದಳು.

"ಚೊಲೋ ಐತ್ರಿ. ಆದ್ರ ಇದನ್ನ ಓದಿದವ್ರಿಗೆ ಚಾಚಾ ಓಡಿದಂಗ ಕಾಣ್ತೈತಿ. ಆತ ಕುಂತಲ್ಲೇ ಇದ್ರು. ಕ್ರೇಟೂ ಅಲ್ಲೇ ಇತ್ತು. ಯಾರೂ ಓಡಿಲ್ರಿ. ಇಬ್ಬರೂ ಓಡಿದ್ರ ಚೇಸ್ ಅಂತ ನೀವ ಒಪ್ಪೀರಿ."

"ನಿನ್ನ ಕೆಲಸ ಹೋದ್ರ?"

"ಹೋಗೂದ ಆದ್ರ ಹೋಗ್ಲಿ ಅನ್ನಾಕ ನಂಗೂ ಆಗೂದಿಲ್ರಿ. ರಾತ್ರಿಯೆಲ್ಲಾ ನಿದ್ದಿ ಬಂದಿಲ್ಲ." ಸೆರಗಿನಿಂದ ಮುಖ ಒರೆಸಿಕೊಂಡಳು. "ಆದ್ರ ದಿನಾ ಹತ್ತ ಮಂದಿ ಕಡೆ ಹೋಗಿ ಖರೇ ಹೇಳ್ರಿ, ಎಂದ ಕೊಡ್ತೀರಿ ಅಂತ ಕೇಳೂದು ನನ್ನ ಕೆಲಸ. ನಾನ ಹಿಂಗ ಬರದ್ರ ನಾಳಿ ಆ ಬಾಗಲದಾಗ ಹೆಂಗ ಕುಂದರ್ಲಿ?"

ಎರಡು ದಿನಗಳ ಹಿಂದೆ ಆಕೆಯ ಸಾದಾ ವಾಕ್ಯವನ್ನು ತಿದ್ದಿದ್ದು ನಾನು. ಅದು ಸರಿಯಾದ ವಾಕ್ಯವಾಗಿತ್ತು. ಸರಿಯಾದದ್ದನ್ನು ತಿದ್ದಿ ಒಬ್ಬ ಮುದುಕರನ್ನು ಓಡುವವರನ್ನಾಗಿ ಮಾಡಿದ್ದೆ. ಇದನ್ನು ಆಕೆಗೆ ಹೇಳಿದೆ. "ನಾನೂ ನಕಲ್ ಮಾಡೀನಲ್ರಿ," ಎಂದಳು, ಅಷ್ಟೇ.

ಆಮೇಲೆ ತಾನೇ ಬರೆದಳು. ಮುಕ್ಕಾಲು ಗಂಟೆ ಹಿಡಿಯಿತು. ನಾನು ಅಡಿಗೆಮನೆಗೆ ಹೋಗಿ, ಹೊರಗೆ ಬರದಂತೆ ನನ್ನನ್ನೇ ಕಟ್ಟಿಹಾಕಿಕೊಂಡು ಚಹಾ ಕಾಯಿಸಿದೆ. ಕನ್ನಡದಲ್ಲಿ ಹೇಳುವುದಾದರೆ ಆಕೆ ಬರೆದದ್ದು ಹೀಗಿತ್ತು: ಕ್ರೇಟು ಸಿಕ್ಕಿತು. ಅದು ಪ್ಲೇಟಿಂಗ್ ಶೆಡ್ಡಿನಲ್ಲೇ ಇತ್ತು. ನಾನು ತಪ್ಪು ಬಣ್ಣದ ಬಟ್ಟೆ ಕಟ್ಟಿದ್ದೆ, ಆದ್ದರಿಂದ ಅವರು ಅದನ್ನು ಕೊನೆಗೆ ಇಟ್ಟರು. ಬುಧವಾರ ನಾನು ಚೇಸ್ ಮಾಡಿದೆ ಎಂದು ಬರೆದೆ, ಅದು ಸರಿಯಲ್ಲ, ನಾನು ಕೇಳಿದೆ. ಅವರು ಎರಡು ಸಲವೂ ಉತ್ತರ ಕೊಟ್ಟರು. ನಾಳೆ ಹನ್ನೊಂದಕ್ಕೆ ಕ್ರೇಟು ಬರುತ್ತದೆ.

ಅದರಲ್ಲಿ ಮೂರು ತಪ್ಪುಗಳಿದ್ದವು. ತೋರಿಸಲೇ ಎಂದು ಕೇಳಿದೆ. ಬೇಡ ಎಂದಳು, ಇದು ತನ್ನದೇ ಆಗಿರಲಿ ಎಂದಳು.

ಶನಿವಾರ ನಾನು ಹೊರಗೆ ಹೋಗಲಿಲ್ಲ. ಫೋನು ಮೇಜಿನ ಮೇಲಿತ್ತು. ನನ್ನ ತರಗತಿಯ ಮಕ್ಕಳ ಬೋರ್ಡ್ ಪರೀಕ್ಷೆಯ ಫಲಿತಾಂಶದ ದಿನಗಳಲ್ಲೂ ನಾನು ಹಾಗೆ ಕೂತವಳಲ್ಲ. ನಾಲ್ಕೂವರೆಗೆ ಕರೆ ಬಂತು, ಹಿನ್ನೆಲೆಯಲ್ಲಿ ಲಾರಿಯ ಸದ್ದು.

ಮ್ಯಾನೇಜರ್ ಶುಕ್ರವಾರದ ವರದಿಯನ್ನು ಎರಡು ಬಾರಿ ಓದಿದರಂತೆ. ಆಮೇಲೆ ಬುಧವಾರದ್ದನ್ನೂ ಗುರುವಾರದ್ದನ್ನೂ ಪಕ್ಕದಲ್ಲಿಟ್ಟು, ಇವನ್ನು ಬರೆದವರು ಯಾರು ಎಂದು ತೆಲುಗಿನಲ್ಲಿ ಕೇಳಿದರಂತೆ.

"ಏನ್ ಹೇಳ್ದಿ?"

"ಬರ್ದಾಕಿ ನಾನು, ತಿದ್ದಿದವ್ರು ನಮ್ಮ ಅಕ್ಕೋರು ಅಂದೆ. ಅಕ್ಕೋರು ಅಂದ್ರ ಯಾರು ಅಂದ್ರು. ಟೀಚರ್ ಅಂದೆ. ನಕ್ರು."

ಗುಮಾಸ್ತರನ್ನೂ ಕರೆಸಿದ್ದರು. ಆ ಕ್ರೇಟು ಕಾಣದಾದಾಗ ನೀವಾಗಿದ್ದರೆ ಏನು ಮಾಡುತ್ತಿದ್ದಿರಿ ಎಂದು ಕೇಳಿದರು. ಫೋನ್ ಮಾಡುತ್ತಿದ್ದೆ ಎಂದರು ಅವರು. ಸಿಗದಿದ್ದರೆ? ಮತ್ತೆ ಫೋನ್. ಮ್ಯಾನೇಜರ್ ಆಕೆಯ ಕಡೆ ತಿರುಗಿದರು. ತಿರುಗಾಟ ಆಕೆಯದೇ ಎಂದರು. ಪ್ಲೇಟಿಂಗ್ ಚಾಚಾನ ಬಳಿಯೇ ಇರಲಿ ಎಂದರು. ಭಾನುವಾರಕ್ಕೂ ಒಂದು ಬಣ್ಣ ಗೊತ್ತುಮಾಡಿ, ಎಲ್ಲ ಶೆಡ್ಡುಗಳಿಗೂ ಇವತ್ತೇ ಹೋಗಿ ತಿಳಿಸು ಎಂದರು. ವರದಿ ಇನ್ನು ಮುಂದೆ ಅದೇ ದಿನ ಸಂಜೆ ಐದರೊಳಗೆ, ಆಕೆಯ ಸ್ವಂತ ಮಾತಿನಲ್ಲಿ, ಯಾರೂ ತಿದ್ದದೆ ಬರಬೇಕು ಎಂದರು.

"ಯಾರೂ ತಿದ್ದದೆ," ಎಂದು ನಾನು ಪುನರುಚ್ಚರಿಸಿದೆ.

"ಹಂಗ ಅಂದಾರ್ರಿ," ಎಂದಳು. ಧ್ವನಿಯಲ್ಲಿ ಸಂಕೋಚವಿತ್ತು, ಅದರ ಕೆಳಗೆ, ಮುಚ್ಚಿಡಲಾಗದ ಸಂತೋಷ. "ನಿಮಗ ಬ್ಯಾಸರ ಆತೇನ್ರಿ?"

ಆಗಲಿಲ್ಲ ಎಂದರೆ ಅಸತ್ಯ. ಆದರೆ ಇಪ್ಪತ್ತಾರು ವರ್ಷಗಳಲ್ಲಿ ನಾನು ಮುಂದಿನ ತರಗತಿಗೆ ಕಳಿಸಿದವರಲ್ಲಿ ಇಷ್ಟು ನೆಮ್ಮದಿಯಿಂದ ಇನ್ನೊಬ್ಬರನ್ನು ಕಳಿಸಿದ ನೆನಪಿಲ್ಲ. ಹೋಗು, ಶೆಡ್ಡುಗಳಿಗೆ ಹೋಗಬೇಕಲ್ಲ, ಹೊತ್ತಾಯಿತು ಎಂದೆ.

ಸೋಮವಾರ ನಾಲ್ಕೂ ಐವತ್ತಕ್ಕೆ ಮತ್ತೆ ಕರೆ ಬಂತು. ತಿದ್ದಲಿಕ್ಕಲ್ಲ, ಸುಮ್ಮನೆ ಕೇಳಿಸಿಕೊಳ್ಳಿ ಎಂದು ಆ ದಿನದ ವರದಿ ತೆರೆದಳು: ಪಾಲಿಶ್ ಶೆಡ್ಡಿನವರು ನಾಳೆ ಎಂದರು. ನಾನು ಅಲ್ಲೇ ಕುಳಿತೆ. ಮೂರೂವರೆಗೆ ಎರಡು ಕ್ರೇಟು ಕೊಟ್ಟರು. ಮೂರನೆಯದರಲ್ಲಿ ಗೀರುಗಳಿದ್ದವು, ನಾನು ತೆಗೆದುಕೊಳ್ಳಲಿಲ್ಲ. ನಾಳೆ ಬೆಳಗ್ಗೆ ಮತ್ತೆ ಹೋಗುತ್ತೇನೆ. ಇಂಗ್ಲಿಷಿನಲ್ಲಿ, ಒಂದೊಂದೇ ಮಾತನ್ನು ಕಾಲೂರಿ ನಿಲ್ಲಿಸುವ ಹಾಗೆ, ಓದಿದಳು. ಮೂರನೆಯ ವಾಕ್ಯದಲ್ಲಿ ಕ್ರಿಯಾಪದದ ಕಾಲ ತಪ್ಪಿತ್ತು. ಸರಿಯಾದ ರೂಪ ನನ್ನ ನಾಲಿಗೆಯ ತುದಿಗೆ ಬಂದಿತ್ತು.

"ಅರ್ಥ ಆತೇನ್ರಿ ಅಕ್ಕೋರ?"

"ಎಲ್ಲಾ ಅರ್ಥ ಆತು," ಎಂದೆ. "ಐದಾಗ್ತದ, ಕೊಟ್ಟ ಬಾ."